ಒಂದೇ ಮೀಸೆಯ ಹತ್ತು ಗಂಡಸರು

ಈ ಭೂಮಿಯ ಮೇಲೆ ನನ್ನಷ್ಟು ಚೆನ್ನಾಗಿ ಮೀಸೆ ಅಂಟಿಸುವವನು ಇನ್ನೊಬ್ಬ ಹುಟ್ಟಿಲ್ಲ. ಹುಟ್ಟಿದ್ದರೂ ಅವನಿಗಿನ್ನೂ ಹಾಲುಹಲ್ಲು ಬಿದ್ದಿರಲಾರದು. ನಾಟಕದ ಕಂಪನಿಯಲ್ಲಿದ್ದಾಗ ರಾಜನ ಪಾರ್ಟು ಮಾಡುವವನಿಗೆ ನಾನೊಂದು ಮೀಸೆ ಅಂಟಿಸಿದ್ದೆ. ಅವನು ಅದೇ ಮೀಸೆಯಲ್ಲಿ ಮನೆಗೆ ಹೋಗಿ, ಅದೇ ಮೀಸೆಯಲ್ಲಿ ಮದುವೆಯಾಗಿ, ಮೂರು ಮಕ್ಕಳ ತಂದೆಯೂ ಆದ ಮೇಲೆ ಅದು ಸುಳ್ಳು ಮೀಸೆಯೆಂದು ಅವನ ಹೆಂಡತಿಗೆ ಗೊತ್ತಾಯಿತು. ನಂಬಿಕೆ ಬರದಿದ್ದರೆ ಆ ಮಕ್ಕಳನ್ನೇ ಕೇಳಿ.

ಕಂಪನಿ ಮುಳುಗಿದ ಮೇಲೆ ಠಾಣೆಯ ಬೀದಿಯಲ್ಲಿ ಕ್ಷೌರದ ಅಂಗಡಿ ಇಟ್ಟೆ. ಎರಡು ತಿರುಗುವ ಕುರ್ಚಿ, ಎದುರುಬದುರು ಕನ್ನಡಿ, ಹೊರಗೆ ಕಾಯುವವರಿಗೊಂದು ಬೆಂಚು. ಬೀದಿಯ ಒಂದು ತುದಿಗೆ ಪೊಲೀಸ್ ಠಾಣೆ, ಇನ್ನೊಂದು ತುದಿಗೆ ಹಗಲಲ್ಲೂ ಕಿಟಕಿ ಮುಚ್ಚಿಕೊಂಡಿರುವ ಒಂದು ಮಹಡಿ ಮನೆ. ನಡುವೆ ನಾನು. ಠಾಣೆಯವರೂ ನನ್ನ ಕುರ್ಚಿಯಲ್ಲಿ ಕೂರುತ್ತಿದ್ದರು, ಆ ಮನೆಯವರೂ ಕೂರುತ್ತಿದ್ದರು, ಎಷ್ಟೋ ಸಲ ಅಕ್ಕಪಕ್ಕದಲ್ಲೇ ಕೂತು ಒಂದೇ ಸಾಬೂನಿನ ನೊರೆ ಬಳಿಸಿಕೊಳ್ಳುತ್ತಿದ್ದರು. ಈ ಊರಿನಲ್ಲಿ ನನ್ನ ಕೈಗೆ ಕುತ್ತಿಗೆ ಕೊಡದ ಗಂಡಸೇ ಇಲ್ಲ ಎಂದು ನಾನು ಹೇಳಿಕೊಳ್ಳುವುದುಂಟು.

"ಕುತ್ತಿಗೆ ಕೊಡೋದು ನಿಮ್ಮ ಕೈಗಲ್ಲ, ನಿಮ್ಮ ಬಾಯಿಗೆ" ಎನ್ನುತ್ತಾಳೆ ನನ್ನ ಹೆಂಡತಿ. "ಒಂದು ಶೇವಿಂಗ್ ಮುಗಿಯೋಷ್ಟರಲ್ಲಿ ಅವರಿಗೆ ವಯಸ್ಸಾಗಿರುತ್ತೆ."

ಅವಳ ಮಾತು ಬಿಡಿ. ನಾನು ಹೇಳಹೊರಟದ್ದು ನನ್ನ ಬಾಳಿನ ಅತಿ ದೊಡ್ಡ ಕೆಲಸದ ವಿಷಯ.

ಆ ಮಹಡಿ ಮನೆಯಿಂದ ಒಬ್ಬ ಹುಡುಗಿ ತಪ್ಪಿಸಿಕೊಂಡು ಓಡಿದ್ದಳು. ಇಪ್ಪತ್ತರ ಆಸುಪಾಸಿನವಳು. ಬಟ್ಟೆ ಹೊಲಿಯುವ ಕಾರ್ಖಾನೆಯಲ್ಲಿ ಕೆಲಸ ಕೊಡಿಸುತ್ತೇನೆಂದು ದೂರದೂರಿನಿಂದ ಅವಳನ್ನು ಕರೆತಂದು ಆ ಮನೆಗೆ ಮಾರಿದವನು ಊರಿಗೆಲ್ಲ ತನ್ನನ್ನು ಅವಳ ಚಿಕ್ಕಪ್ಪನೆಂದು ಹೇಳಿಕೊಳ್ಳುತ್ತಿದ್ದ. ಅವಳಿಗಷ್ಟೇ ಅಲ್ಲ, ಆ ಮನೆಗೆ ಬಂದು ಸೇರಿದ ಹುಡುಗಿಯರಿಗೆಲ್ಲ ಅವನು ಚಿಕ್ಕಪ್ಪನೇ. ಅಷ್ಟು ದೊಡ್ಡ ಸಂಸಾರ ಯಾವ ಮಹಾರಾಜನಿಗೂ ಇರಲಿಲ್ಲ. ಹುಡುಗಿ ನನ್ನ ಅಂಗಡಿಯ ಮುಂದಿನಿಂದಲೇ ಬರಿಗಾಲಲ್ಲಿ ಓಡಿ ಠಾಣೆಯ ಮೆಟ್ಟಿಲು ಹತ್ತಿದಳು. ಅಲ್ಲಿ ದಫೇದಾರ ಕೂತಿದ್ದ. ಅವನ ಮೀಸೆಯನ್ನು ನೀವು ನೋಡಬೇಕಿತ್ತು. ಗಲ್ಲದ ಮೇಲೆ ಎರಡು ಕಾಗೆ ಕೂತ ಹಾಗೆ. ಅವುಗಳ ರೆಕ್ಕೆ ಕತ್ತರಿಸಿ ನೇರ್ಪಡಿಸುತ್ತಿದ್ದವನು ನಾನೇ.

"ಕೂತ್ಕೋ ಮಗಳೇ. ಮೊದಲು ನೀರು ಕುಡಿ. ಆಮೇಲೆ ಎಲ್ಲಾ ಹೇಳುವೆಯಂತೆ" ಎಂದು ದಫೇದಾರ ಲೋಟ ಕೊಟ್ಟ. ಅವಳು ಕುಡಿಯುತ್ತಿರುವಾಗ ಪಕ್ಕದ ಕೋಣೆಗೆ ಹೋಗಿ ಫೋನು ಮಾಡಿದ. ಲೋಟ ಖಾಲಿಯಾಗುವ ಮೊದಲೇ ಚಿಕ್ಕಪ್ಪ ಬಂದು ಅವಳ ರಟ್ಟೆ ಹಿಡಿದಿದ್ದ. ಬೀದಿಯಲ್ಲಿ ವಾಪಸು ಹೋಗುವಾಗ ಅವಳು ಕಿರುಚಲಿಲ್ಲ. ಎಲ್ಲಿ ಕಿರುಚಬೇಕೋ ಅಲ್ಲಿಗೇ ಹೋಗಿ ಬಂದಾಗಿತ್ತಲ್ಲ.

ಎಷ್ಟೋ ತಿಂಗಳ ಮೇಲೆ ಹೊರಗಿನ ಪೊಲೀಸರು, ಅಂದರೆ ಈ ಠಾಣೆಗೆ ಸುಳಿವೇ ಕೊಡದ ಮೇಲಿನ ಕಚೇರಿಯವರು, ಮನೆಯ ಮೇಲೆ ದಾಳಿ ಮಾಡಿದರು. ಸಿಕ್ಕ ಹುಡುಗಿಯರಲ್ಲಿ ಬಾಯಿ ಬಿಟ್ಟವಳು ಇವಳೊಬ್ಬಳೇ. "ನಾನು ಠಾಣೆಗೆ ಹೋಗಿದ್ದೆ, ಅಲ್ಲಿ ನೀರು ಕೊಟ್ಟವನೇ ನನ್ನನ್ನ ವಾಪಸ್ ಕೊಟ್ಟ" ಎಂದಳು. ಠಾಣೆಯಲ್ಲಿ ಭೂಕಂಪವಾಯಿತು. ದಫೇದಾರನನ್ನು ಅಮಾನತು ಮಾಡಿದರು. ವಿಚಾರಣೆಗೆ ಮೇಲಿನಿಂದ ಒಬ್ಬ ಸಾಹೇಬರು ಬಂದರು. ಹುಡುಗಿಯನ್ನು ಸರ್ಕಾರದ ಆಶ್ರಯದ ಮನೆಯಲ್ಲಿಟ್ಟರು.

ಅವಳ ಬದುಕು ನಿಂತಿದ್ದದ್ದು ಒಂದೇ ಒಂದು ಬೆರಳಿನ ಮೇಲೆ. ಗುರುತಿನ ಪೆರೇಡಿನಲ್ಲಿ ದಫೇದಾರನನ್ನು ಅವಳು ಮುಟ್ಟಿ ತೋರಿಸಿದರೆ ಅವಳು ಹೇಳಿದ್ದು ನಿಜ, ಚಿಕ್ಕಪ್ಪ ಸುಳ್ಳು, ಅವಳು ದೂರದೂರಿನ ತನ್ನ ಅಕ್ಕನ ಮನೆಗೆ ಹೋಗಬಹುದು. ತೋರಿಸಲಾಗದಿದ್ದರೆ ಅವಳು ಹೇಳಿದ್ದು ಸುಳ್ಳು, ಚಿಕ್ಕಪ್ಪ ನಿಜ. ಅವನಾಗಲೇ ಅರ್ಜಿ ಹಾಕಿಕೊಂಡಿದ್ದ: ಅಣ್ಣನ ಮಗಳು, ಬುದ್ಧಿ ಸ್ತಿಮಿತದಲ್ಲಿಲ್ಲ, ದಯಮಾಡಿ ಮನೆಗೆ ಕಳಿಸಿಕೊಡಿ.

ಈ ಸಾಹೇಬರಂಥ ನ್ಯಾಯವಂತರನ್ನು ನಾನು ಕಂಡಿಲ್ಲ. ಇಬ್ಬರು ಮಕ್ಕಳಿಗೆ ಒಂದು ಬಿಸ್ಕತ್ತು ಹಂಚಬೇಕಾಗಿ ಬಂದರೆ ತಕ್ಕಡಿ ತರಿಸುವಂಥ ಮನುಷ್ಯ. ಠಾಣೆಯ ಇನ್‌ಸ್ಪೆಕ್ಟರು ನನ್ನನ್ನು ಅವರ ಮುಂದೆ ನಿಲ್ಲಿಸಿದಾಗ ಅವರು ಅಳತೆಯ ಟೇಪು ಹಿಡಿದು ದಫೇದಾರನ ಭುಜದ ಅಗಲ ನೋಡುತ್ತಿದ್ದರು.

"ಇವರ ಜೊತೆ ಇನ್ನೂ ಒಂಬತ್ತು ಜನ ನಿಲ್ತಾರೆ" ಎಂದರು. "ಒಂದೇ ಎತ್ತರ, ಒಂದೇ ಮೈಕಟ್ಟು. ತೊಂದರೆ ಇರೋದು ಮೀಸೇದು. ಅದನ್ನ ಬೋಳಿಸಿದ್ರೆ ಆ ಹುಡುಗಿಗೆ ಅನ್ಯಾಯ. ಹಾಗೇ ಬಿಟ್ರೆ ಮೀಸೆ ನೋಡೇ ಹಿಡೀತಾಳೆ, ಅದು ಇವರಿಗೆ ಅನ್ಯಾಯ. ಒಂಬತ್ತು ಮುಖಕ್ಕೂ ಇದೇ ಮೀಸೆ ಬರ್ಬೇಕು. ಆಗುತ್ತಾ?"

"ಸಾಹೇಬ್ರೇ, ಮುಖ ಇಲ್ದಿದ್ರೂ ಮೀಸೆ ನಿಲ್ಲಿಸ್ತೀನಿ" ಎಂದೆ.

ಇನ್‌ಸ್ಪೆಕ್ಟರು ಕೆಮ್ಮಿದರು. ನಗು ಬಂದರೆ ಅವರು ಕೆಮ್ಮುತ್ತಾರೆ.

ಆ ಒಂಬತ್ತು ಜನರನ್ನು ಇನ್‌ಸ್ಪೆಕ್ಟರು ಹುಡುಕಲು ದೂರವೇನೂ ಹೋಗಲಿಲ್ಲ. ನಮ್ಮ ಬೀದಿಯಲ್ಲೇ, ದಷ್ಟಪುಷ್ಟವಾಗಿ ಕಂಡವರನ್ನೆಲ್ಲ ಹೆಗಲ ಮೇಲೆ ಕೈಹಾಕಿ ಕರೆತಂದರು. ಔಷಧಿ ಅಂಗಡಿಯವನು, ಮಾಂಸದ ಅಂಗಡಿಯವನು, ಫೋಟೋ ಸ್ಟುಡಿಯೋದವನು, ಲೆಕ್ಕದ ಮೇಷ್ಟ್ರು, ಟೈರು ರಿಪೇರಿಯವನು, ಹೀಗೆ. ಬ್ಯಾಂಕಿನ ಕಾವಲುಗಾರ ಬರುತ್ತೇನೆಂದಿದ್ದವನು ಹೊಟ್ಟೆ ಕೆಟ್ಟಿತೆಂದು ಕೈಕೊಟ್ಟ. ಒಬ್ಬ ಕಡಿಮೆಯಾದ. ಸಾಹೇಬರು ಗಡಿಯಾರ ನೋಡಿಕೊಂಡರು. ಇನ್‌ಸ್ಪೆಕ್ಟರು ಮುಂದಿನ ಜಗಲಿಗೆ ಬಗ್ಗಿ ನೋಡಿದರು. ಅಲ್ಲಿ ಚಿಕ್ಕಪ್ಪ ಕೈಯಲ್ಲಿ ಕಿತ್ತಳೆ ಹಣ್ಣಿನ ಚೀಲ ಹಿಡಿದು, ಆಸ್ಪತ್ರೆಯಲ್ಲಿ ರೋಗಿಯನ್ನು ನೋಡಲು ಬಂದವನಂತೆ ಕಾಯುತ್ತಿದ್ದ.

"ಇವರು ಅರ್ಜಿದಾರರಲ್ವಾ?" ಎಂದು ಸಾಹೇಬರು ಸ್ವಲ್ಪ ಹಿಂಜರಿದರು.

"ಆಪಾದಿತರಲ್ವಲ್ಲ ಸಾರ್. ನಿಯಮದಲ್ಲಿ ಎಲ್ಲೂ ಬೇಡ ಅಂದಿಲ್ಲ. ಎತ್ತರ ನೋಡಿ, ತಗೊಂಡು ಬಂದು ಇಟ್ಟ ಹಾಗಿದೆ."

ಸಾಹೇಬರು ಟೇಪು ಹಿಡಿದರು. ಎತ್ತರ ಸರಿಯಾಗಿತ್ತು.

ನಾನು ಕೆಲಸಕ್ಕೆ ಕೂತೆ. ಚೌರಿಯ ಕೂದಲನ್ನು ಎಳೆ ಎಳೆಯಾಗಿ ಬಿಡಿಸಿ, ದಫೇದಾರನ ಅಸಲಿ ಮೀಸೆಯನ್ನು ಎದುರಿಗಿಟ್ಟುಕೊಂಡು, ಅದೇ ತಿರುವು, ಅದೇ ದಪ್ಪ, ಎಡಗಡೆ ಎರಡು ನರೆಗೂದಲು ಸಮೇತ. ಬ್ರಹ್ಮನಿಗೂ ಇಷ್ಟು ತಾಳ್ಮೆ ಇರಲಿಲ್ಲ, ಅದಕ್ಕೇ ನೋಡಿ ಲೋಕದಲ್ಲಿ ಒಬ್ಬರ ಮುಖ ಇನ್ನೊಬ್ಬರಿಗಿಲ್ಲ.

"ನನ್ನ ಹೆಂಡ್ತಿ ಈ ಮೀಸೇಲಿ ನೋಡಿದ್ರೆ ಮನೆ ಒಳಗೆ ಸೇರಿಸಲ್ಲ" ಎಂದ ಔಷಧಿ ಅಂಗಡಿಯವನು.

"ಸೇರಿಸ್ತಾಳೆ ಬಿಡೋ" ಎಂದ ಮಾಂಸದ ಅಂಗಡಿಯವನು, "ಬೇರೆ ಯಾರೋ ಅಂದ್ಕೊಂಡು."

ಕೋಣೆಯೆಲ್ಲ ನಕ್ಕಿತು. ದಫೇದಾರನೂ ನಕ್ಕ. ಚಿಕ್ಕಪ್ಪ ತನ್ನ ಕಿತ್ತಳೆಗಳನ್ನು ಸುಲಿದು ಎಲ್ಲರಿಗೂ ಒಂದೊಂದು ತೊಳೆ ಹಂಚಿದ. ಅಂಟು ಒಣಗುವವರೆಗೆ ತುಟಿ ಅಲ್ಲಾಡಿಸಬೇಡಿ ಎಂದು ನಾನು ಗದರಿದೆ.

ಅಂಟು ಒಣಗಲು ಬಿಟ್ಟು ಕೈ ತೊಳೆಯಲು ಹಿಂದಿನ ಜಗಲಿಗೆ ಹೋದರೆ ಅಲ್ಲಿ ಆ ಹುಡುಗಿ ಕೂತಿದ್ದಳು. ಪಕ್ಕದಲ್ಲಿ ಕಾವಲಿನ ಹೆಣ್ಣು ಪೇದೆ ಗೋಡೆಗೊರಗಿ ತೂಕಡಿಸುತ್ತಿದ್ದಳು. ಹುಡುಗಿಯ ಮುಂದೊಂದು ಲೋಟ ನೀರು ಇತ್ತು. ಅವಳು ಅದನ್ನು ಕುಡಿದಿರಲಿಲ್ಲ. ಬೆಂಚಿನ ಆ ತುದಿಗೆ ತಳ್ಳಿಟ್ಟಿದ್ದಳು.

ಆಗ ನನ್ನ ಮುಖ ಬೋಳು. ಮೀಸೆ ಮಾರುವವನು ಮೀಸೆ ಬಿಡಬಾರದೆನ್ನುವುದು ನನ್ನ ನೇಮ.

"ನೀವು ಪೊಲೀಸಾ?" ಎಂದಳು.

"ಛೇ. ನಾನು ಕ್ಷೌರದವನು. ಬೀದಿ ನಡುವೆ ಅಂಗಡಿ, ಎದುರುಬದುರು ಕನ್ನಡಿ. ನೋಡಿರ್ತೀಯ."

"ಓಡುವಾಗ ನೋಡಿದ್ದೆ" ಎಂದಳು. "ಅಣ್ಣಾ, ಒಳಗೆ ಏನು ಕೇಳ್ತಾರೆ?"

ಅಣ್ಣಾ ಎಂದುಬಿಟ್ಟಳು. ಯಾರಾದರೂ ಹಾಗೆಂದರೆ ನನ್ನ ಎದೆ ಮೂರು ಅಂಗುಲ ಹಿಗ್ಗುತ್ತದೆ. ಹಿಗ್ಗಿದ ಎದೆಯಿಂದ ಮಾತೂ ದೊಡ್ಡದಾಗಿಯೇ ಬರುತ್ತದೆ.

"ಏನು ಕೇಳಿದ್ರೂ ಗೊತ್ತಿದ್ದದ್ದೆಲ್ಲ ಹೇಳಿಬಿಡು. ಒಂದನ್ನೂ ನುಂಗಬೇಡ. ನನಗೆ ಕಾನೂನು ಗೊತ್ತು, ಅರ್ಧ ಊರಿನ ವಕೀಲರಿಗೆ ತಲೆ ಕತ್ತರಿಸಿದ್ದೀನಿ. ಹೆಚ್ಚು ಹೇಳಿದಷ್ಟೂ ಹೆಚ್ಚು ಗಟ್ಟಿ. ಮತ್ತೆ ಯಾವಾಗಾದ್ರೂ ತೊಂದ್ರೆ ಬಂದ್ರೆ ಸೀದಾ ನನ್ನ ಅಂಗಡಿಗೆ ಬಾ. ಈ ಊರಲ್ಲಿ ನನ್ನ ಮಾತು ಮೀರೋ ಗಂಡಸಿಲ್ಲ."

ಅವಳು ನನ್ನ ಮುಖವನ್ನು ಗಮನವಿಟ್ಟು ನೋಡಿದಳು. ಕಲಿತುಕೊಳ್ಳುವವಳ ಹಾಗೆ.

ಸಾಲು ನಿಂತಿತು. ಹತ್ತು ಜನ, ಒಂದೇ ಬಿಳಿ ಅಂಗಿ, ಒಂದೇ ಮೀಸೆ. ಅವರನ್ನು ಹೆತ್ತ ತಾಯಂದಿರು ಬಂದಿದ್ದರೂ ಯಾರ ಮಗ ಯಾರೆಂದು ಜಗಳವಾಡುತ್ತಿದ್ದರು. ಮೂಲೆಯಲ್ಲಿ ನಿಂತ ನನಗೇ ಒಂದು ಕ್ಷಣ ದಫೇದಾರ ಯಾರೆಂದು ಮರೆತುಹೋಯಿತು.

ಹುಡುಗಿ ಬಂದಳು. ಬಾಗಿಲಲ್ಲಿ ಒಮ್ಮೆ ನಿಂತಳು. ಆಮೇಲೆ ಯಾರನ್ನೂ ಹುಡುಕದೆ ನೇರವಾಗಿ ನಡೆದು ನಾಲ್ಕನೆಯವನ ಎದೆಯ ಮೇಲೆ ಬೆರಳಿಟ್ಟಳು.

"ಇವನೇ. ನೀರು ಕೊಟ್ಟವನು."

ದಫೇದಾರನೇ ಆಗಿದ್ದ.

ಅರ್ಧ ದಿನದ ಕೆಲಸ. ನನ್ನ ನರೆಗೂದಲು ಸಮೇತದ ಕೆಲಸ. ಈ ಹುಡುಗಿ ಅದನ್ನು ಕಡೆಗಣ್ಣಿನಿಂದಲೂ ನೋಡದೆ ದಾಟಿಬಿಟ್ಟಿದ್ದಳು.

ಸಾಹೇಬರು ಬರೆದುಕೊಳ್ಳಲು ಪೆನ್ನು ತೆರೆದರು. ಇನ್ನೊಂದು ನಿಮಿಷ ಕಳೆದಿದ್ದರೆ ಅವಳು ಅಕ್ಕನ ಮನೆಯ ದಾರಿಯಲ್ಲಿರುತ್ತಿದ್ದಳು. ಅಷ್ಟರಲ್ಲಿ ಇನ್‌ಸ್ಪೆಕ್ಟರು ಅವರ ಕಿವಿಯ ಬಳಿ ಬಾಗಿ, "ಸಾರ್, ಪೂರ್ತಿ ಸಾಲು ನೋಡಿಸ್ಲಿಲ್ಲ ಅಂತ ನಾಳೆ ಆಕ್ಷೇಪಣೆ ಬರುತ್ತೆ" ಎಂದರು.

ನ್ಯಾಯದ ಮಾತು. ಸಾಹೇಬರು ತಲೆಯಾಡಿಸಿದರು.

"ನೋಡಮ್ಮ, ಅವಸರ ಇಲ್ಲ. ಉಳಿದವರನ್ನೂ ನೋಡು. ಈ ಸಾಲಲ್ಲಿ ನಿನಗೆ ಗೊತ್ತಿರೋರು ಬೇರೆ ಯಾರಾದ್ರೂ ಇದ್ದಾರಾ?"

ಹುಡುಗಿ ನನ್ನತ್ತ ನೋಡಿದಳು. ನಾನು ದೊಡ್ಡದಾಗಿ ತಲೆಯಾಡಿಸಿದೆ, ಹೇಳು, ಹೇಳು ಎಂದು.

ಅವಳು ಸಾಲಿನ ಮೊದಲಿಗೆ ಹೋದಳು. ಔಷಧಿ ಅಂಗಡಿಯವನ ಎದೆ ಮುಟ್ಟಿದಳು. "ಇವರು ಆ ಮನೆಗೆ ಬರ್ತಿದ್ರು." ಮಾಂಸದ ಅಂಗಡಿಯವನನ್ನು ಮುಟ್ಟಿದಳು. "ಇವರೂ." ಲೆಕ್ಕದ ಮೇಷ್ಟ್ರ ಮುಂದೆ ನಿಂತಳು. ಮೇಷ್ಟ್ರು ಸೂರಿನ ಕಡೆ ನೋಡತೊಡಗಿದರು. "ಇವರೂ. ನನ್ನ ಹೆಸರು ಕೇಳಿದೋರು ಇವರೊಬ್ಬರೇ." ಫೋಟೋದವನನ್ನು ಮುಟ್ಟಿದಳು. ಟೈರಿನವನನ್ನು ಮುಟ್ಟಿದಳು. ಅವಳ ಬೆರಳು ಒಬ್ಬೊಬ್ಬರ ಗುಂಡಿಯ ಮೇಲೆ ಬಿದ್ದ ಹಾಗೆ ಆ ಮೀಸೆಗಳ ಕೆಳಗೆ ತುಟಿಗಳು ಬೆಳ್ಳಗಾಗುತ್ತ ಹೋದವು. ಅವಳು ಅಳುತ್ತಿರಲಿಲ್ಲ. ಕೊನೆಗೂ ತನ್ನನ್ನು ಯಾರೋ ಸರಿಯಾದ ಪ್ರಶ್ನೆ ಕೇಳಿದರು ಎನ್ನುವಂಥ ಒಂದು ನೆಮ್ಮದಿ ಆ ಮುಖದಲ್ಲಿತ್ತು.

ಕೊನೆಯವನ ಎದೆಯ ಮೇಲೂ ಬೆರಳಿಟ್ಟಳು. "ಇವನು" ಎಂದಳು. "ಇವನೇ ನನ್ನನ್ನ ಕರ್ಕೊಂಡು ಬಂದಿದ್ದು."

"ಗೊತ್ತಾ ನಿನಗೆ ಇವರು?"

"ಗೊತ್ತು. ಚೆನ್ನಾಗಿ ಗೊತ್ತು."

"ಏನಂತ ಕರೀತಿದ್ದೆ?"

"ಚಿಕ್ಕಪ್ಪ ಅಂತ ಕರೀಬೇಕು ಅಂತಿದ್ದ."

ಸಾಹೇಬರು ಪೆನ್ನು ಮುಚ್ಚಿದರು. ಆಮೇಲೆ ಬಹಳ ಮೆತ್ತಗೆ, ಹೆತ್ತ ತಂದೆ ಹೇಳುವ ಹಾಗೆ ಹೇಳಿದರು.

"ನೋಡಮ್ಮ. ಒಬ್ಬರನ್ನ ಮುಟ್ಟಿದ್ರೆ ಅದು ಗುರುತು. ಹತ್ತಕ್ಕೆ ಹತ್ತೂ ಜನರನ್ನ ಮುಟ್ಟಿದ್ರೆ ಅದನ್ನ ಗುರುತು ಅಂತ ಹೇಗೆ ಬರೀಲಿ? ಇವರೆಲ್ಲ ನಾವೇ ಬೀದಿಯಿಂದ ಕರ್ಕೊಂಡು ಬಂದ ಮರ್ಯಾದಸ್ಥರು."

"ನಿಜ ಸಾರ್. ನೀವೇ ಕೇಳಿದ್ರಲ್ಲ."

"ಕೇಳಿದೆ. ನೀನು ಎಲ್ಲರನ್ನೂ ತೋರಿಸಿದೆ. ಹಾಗಾದ್ರೆ ದಫೇದಾರ್ರನ್ನ ತೋರಿಸಿದ್ದಕ್ಕೆ ಬೆಲೆ ಎಲ್ಲಿ ಉಳೀತು?"

ಇನ್‌ಸ್ಪೆಕ್ಟರು ಕೆಮ್ಮಿದರು. "ಆದ್ರೆ ಸಾರ್, ಚಿಕ್ಕಪ್ಪನ್ನ ಗುರುತು ಹಿಡಿದ್ಲು. ಮೀಸೆ ಹಾಕಿದ್ರೂ ಹಿಡಿದ್ಲು. ರಕ್ತಸಂಬಂಧ ಅಲ್ಲದೆ ಇನ್ನೇನು? ಇವರ ಅರ್ಜಿಗೆ ಇದಕ್ಕಿಂತ ಸಾಕ್ಷಿ ಬೇಕಾ?"

ಸಾಹೇಬರು ಒಪ್ಪಿದರು. ಅವರ ನ್ಯಾಯದ ತಕ್ಕಡಿಯ ಒಂದು ತಟ್ಟೆಯಲ್ಲಿ ಅದೇ ಬೆರಳಿಗೆ ತೂಕವಿರಲಿಲ್ಲ, ಇನ್ನೊಂದು ತಟ್ಟೆಯಲ್ಲಿ ಇತ್ತು. ಹುಡುಗಿ ನೆಲದ ಮೇಲೆ ಕೂತುಬಿಟ್ಟಳು. ಹೆಣ್ಣು ಪೇದೆ ಎಬ್ಬಿಸಿದಳು. ಚಿಕ್ಕಪ್ಪ ರುಜು ಹಾಕಿದ. ಉಳಿದಿದ್ದ ಒಂದು ಕಿತ್ತಳೆಯನ್ನು ಅವಳ ಕೈಗಿಟ್ಟು, "ಬಾ ಮಗಳೇ, ಮನೇಲೆಲ್ಲ ಕಾಯ್ತಿದ್ದಾರೆ" ಎಂದ. ಮೀಸೆ ಕಿತ್ತುಕೊಳ್ಳಲು ಮರೆತೇ ಹೋದ. ನನ್ನ ಅಂಟು ಹಾಗೆ, ಇದೆಯೆಂದೇ ತಿಳಿಯುವುದಿಲ್ಲ.

ಮನೆಗೆ ಬಂದು ಹೆಂಡತಿಗೆ ಎಲ್ಲವನ್ನೂ ಹೇಳಿದೆ, ಸ್ವಲ್ಪ ಹಿಗ್ಗಿಸಿಯೇ ಹೇಳಿದೆ. ಅವಳು ತಟ್ಟೆಗೆ ಅನ್ನ ಬಡಿಸುತ್ತಿದ್ದವಳು ಸೌಟು ನಿಲ್ಲಿಸಿದಳು.

"ನಿಮಗೆ ಕಾನೂನು ಗೊತ್ತು ಅಂತ ಯಾರು ಹೇಳಿದ್ರು?"

"ಅರ್ಧ ಊರಿನ ವಕೀಲರು..."

"ಅವರ ತಲೆಗೂದಲು ಗೊತ್ತು ನಿಮಗೆ" ಎಂದು ಸೌಟನ್ನು ಪಾತ್ರೆಗೇ ಹಾಕಿ ಎದ್ದು ಹೋದಳು. ಅವತ್ತು ನಾನೇ ಬಡಿಸಿಕೊಂಡೆ.

ಆದರೆ ಊರು ನನ್ನನ್ನು ತಲೆಯ ಮೇಲೆ ಹೊತ್ತುಕೊಂಡಿತು. ದಫೇದಾರ ಮತ್ತೆ ಕೆಲಸಕ್ಕೆ ಸೇರಿ, ಬಡ್ತಿಯನ್ನೂ ಪಡೆದು, ಮೀಸೆಗೆ ಎಣ್ಣೆ ಹಚ್ಚಿಸಿಕೊಳ್ಳಲು ಬಂದ. ಮಹಡಿ ಮನೆಯ ಬಾಗಿಲಿಗೆ ಹಾಕಿದ್ದ ಬೀಗ ಒಂದು ಬೆಳಿಗ್ಗೆ ಕಾಣಿಸಲಿಲ್ಲ. ಸಾಲಿನಲ್ಲಿ ನಿಂತಿದ್ದವರಿಗೆ ಮೊದಮೊದಲು ಅಳುಕಿತ್ತು. ಏನೂ ಆಗದೆಂದು ತಿಳಿದ ಮೇಲೆ ಆ ಮೀಸೆಯ ಮೇಲೆ ಒಂಥರ ಪ್ರೀತಿ ಹುಟ್ಟಿತು. ಆ ಮೀಸೆ ಇದ್ದವನನ್ನು ಯಾರೂ ಬೆರಳು ಮಾಡಿ ತೋರಿಸಲಾರರಲ್ಲ. ಔಷಧಿಯವನು ನಿಜವಾದ ಮೀಸೆಯನ್ನೇ ಹಾಗೆ ಬೆಳೆಸಿಕೊಂಡ. ಮಾಂಸದವನೂ ಬೆಳೆಸಿದ. ಅವರನ್ನು ನೋಡಿ ಬೇರೆಯವರು ಬೆಳೆಸಿದರು. ಬೆಳೆಯದವರಿಗೆ ನಾನು ಅಂಟಿಸಿದೆ. ಆ ಕಾಲದಲ್ಲಿ ಹಕ್ಕಿಗಳೂ ನಮ್ಮ ಬೀದಿಯ ಮೇಲೆ ಹಾರುವಾಗ ಕಾಗೆಗಳ ಜಾತ್ರೆಯೆಂದುಕೊಂಡು ಕೆಳಗಿಳಿಯುತ್ತಿದ್ದವು.

ಅಂಗಡಿಗೆ ಇದಕ್ಕಿಂತ ಒಳ್ಳೆಯ ಬೋರ್ಡು ಬೇರೆ ಬೇಕೇ? ನನ್ನ ಹಳೆಯ ನೇಮವನ್ನು ಬದಿಗಿಟ್ಟು ನಾನೂ ಅದೇ ಮೀಸೆ ಬಿಟ್ಟೆ. ಎಡಗಡೆಯ ಎರಡು ನರೆಗೂದಲನ್ನು ಕೈಯಾರೆ ಬಣ್ಣ ಹಾಕಿ ಮಾಡಿಕೊಂಡೆ. ಹೆಂಡತಿ ಅದನ್ನು ನೋಡಿದ ದಿನದಿಂದ ನನ್ನ ಮುಖ ನೋಡಿ ಮಾತಾಡುವುದನ್ನು ಬಿಟ್ಟಳು. ಏನಿದ್ದರೂ ಗೋಡೆಗೆ ಹೇಳುತ್ತಾಳೆ.

ಒಂದು ಮಧ್ಯಾಹ್ನ ಅಂಗಡಿ ತುಂಬಿತ್ತು. ಒಂದು ಕುರ್ಚಿಯಲ್ಲಿ ಮೇಷ್ಟ್ರು, ಇನ್ನೊಂದರಲ್ಲಿ ಫೋಟೋದವನು, ಬೆಂಚಿನ ಮೇಲೆ ಟೈರಿನವನು ಪೇಪರು ಓದುತ್ತಿದ್ದ. ಎಲ್ಲರಿಗೂ ಅದೇ ಮೀಸೆ. ಎದುರುಬದುರು ಕನ್ನಡಿ ಬೇರೆ, ಒಂದು ಮೀಸೆ ನೂರಾಗಿ, ನೂರು ಸಾವಿರವಾಗಿ ಕನ್ನಡಿಯ ಆಳದವರೆಗೂ ಸಾಲುಗಟ್ಟಿದ್ದವು. ಹೊಸ್ತಿಲಲ್ಲಿ ಯಾರೋ ಏದುಸಿರು ಬಿಡುವುದು ಕೇಳಿಸಿತು.

ಅವಳೇ. ಬರಿಗಾಲು. ಒಂದು ಕಣ್ಣು ಊದಿಕೊಂಡು ಮುಚ್ಚಿತ್ತು. ತೋಳಿನ ತುಂಬ ಕಪ್ಪುಗಟ್ಟಿದ ಗುರುತು.

"ಅಣ್ಣಾ" ಎಂದಳು. ಯಾರಿಗೆ ಹೇಳಿದಳೋ ಅವಳಿಗೇ ಗೊತ್ತಿರಲಿಲ್ಲ. ಒಂದೇ ಕಣ್ಣು ಮೇಷ್ಟ್ರ ಮೇಲೆ ಹೋಯಿತು, ಫೋಟೋದವನ ಮೇಲೆ ಹೋಯಿತು, ಕನ್ನಡಿಯೊಳಗೆಲ್ಲ ತಡಕಾಡಿತು. ಬೋಳು ಮುಖದ ಒಬ್ಬನನ್ನು ಹುಡುಕುತ್ತಿದ್ದಳು.

ನಾನು ಕತ್ತರಿ ಕೆಳಗಿಟ್ಟೆ. ಪಾಪ, ಓಡಿ ಬಂದಿದ್ದಾಳೆ, ಮೊದಲು ಗಂಟಲು ಒದ್ದೆಯಾಗಲಿ ಎಂದು ಹೂಜಿಯಿಂದ ಲೋಟಕ್ಕೆ ನೀರು ಬಗ್ಗಿಸಿದೆ. ತುಂಬಿದ ಲೋಟ ಹಿಡಿದು ಅವಳ ಕಡೆ ತಿರುಗಿದೆ.

"ಕೂತ್ಕೋ ತಾಯಿ. ಮೊದಲು ನೀರು ಕುಡಿ."

ಅವಳು ಲೋಟ ನೋಡಿದಳು. ಆಮೇಲೆ ಮೀಸೆ ನೋಡಿದಳು. ಎಡಗಡೆಯ ಆ ಎರಡು ನರೆಗೂದಲನ್ನೂ ನೋಡಿದಳೆಂದು ನಾನು ಆಣೆ ಮಾಡಿ ಹೇಳಬಲ್ಲೆ. ಮುಖ ಸುಣ್ಣದ ಗೋಡೆಯಾಯಿತು. ಒಂದು ಹೆಜ್ಜೆ ಹಿಂದಿಟ್ಟಳು, ಬೆಂಚು ತಗುಲಿ ಬೀಳುವಂತಾಗಿ ಟೈರಿನವನ ಮೊಣಕಾಲು ಹಿಡಿದುಕೊಂಡು, ಅವನ ಮುಖ ನೋಡಿ ಆ ಕೈಯನ್ನೂ ಕಿತ್ತುಕೊಂಡಳು. "ನಾನೇ ಕಣಮ್ಮ, ಕ್ಷೌರದವನು" ಎಂದು ನಾನು ಹೇಳಿದ್ದು ಖಾಲಿ ಹೊಸ್ತಿಲಿಗೆ.

ಹೊರಗೆ ಬಂದು ನೋಡಿದೆ. ಬೀದಿಯ ನಡುವೆ ನಿಂತಿದ್ದಳು. ಒಂದು ಕಡೆ ಠಾಣೆಯ ಮೆಟ್ಟಿಲ ಮೇಲೆ ದಫೇದಾರ ಹಲ್ಲಿಗೆ ಕಡ್ಡಿ ಹಾಕುತ್ತ ನಿಂತಿದ್ದ. ಇನ್ನೊಂದು ಕಡೆಯಿಂದ ಚಿಕ್ಕಪ್ಪ ಬರುತ್ತಿದ್ದ. ಓಡುತ್ತಿರಲಿಲ್ಲ, ಊಟವಾದ ಮೇಲೆ ಅಡ್ಡಾಡುವವನ ಹಾಗೆ ಬರುತ್ತಿದ್ದ. ನಡುವಿನ ಅಂಗಡಿಗಳ ಬಾಗಿಲಲ್ಲಿ ಗದ್ದಲ ಕೇಳಿ ಬಂದು ನಿಂತ ಗಂಡಸರು. ಅವಳು ಒಂದು ಸುತ್ತು ತಿರುಗಿ ಎಲ್ಲರನ್ನೂ ನೋಡಿದಳು. ಯಾರ ಕಡೆಗೂ ಬೆರಳೆತ್ತಲಿಲ್ಲ. ಚಿಕ್ಕಪ್ಪ ಬಂದು ರಟ್ಟೆ ಹಿಡಿಯುವವರೆಗೂ ಹಾಗೇ ನಿಂತಿದ್ದಳು.

"ಯಾರೋ ಅದು?" ಎಂದರು ಒಳಗಿನಿಂದ ಮೇಷ್ಟ್ರು, ನೊರೆ ಬಳಿದ ಗಲ್ಲದಲ್ಲಿ.

"ಯಾರೋ" ಎಂದು ನಾನು ಲೋಟದ ನೀರನ್ನು ಬೀದಿಗೆ ಚೆಲ್ಲಿ, ಮತ್ತೆ ಕತ್ತರಿ ಕೈಗೆತ್ತಿಕೊಂಡೆ.

ಅಂದು ಠಾಣೆಯಲ್ಲಿ, ಹತ್ತು ಜನರ ಸಾಲಿನಲ್ಲಿ, ದಫೇದಾರನನ್ನು ಹುಡುಕದೆಯೇ ಹಿಡಿದ ಹುಡುಗಿ ಅವಳು. ನನ್ನ ಒಂಬತ್ತು ಮೀಸೆಗಳಲ್ಲಿ ಒಂದಕ್ಕೂ ಮೋಸಹೋಗದಿದ್ದವಳು. ಅಂಥವಳು ಎರಡು ಮಾರು ದೂರದಲ್ಲಿ, ಹಾಡುಹಗಲಲ್ಲಿ, ನನ್ನನ್ನು ನೋಡಿ ಅವನೇ ಎಂದುಕೊಂಡಳು. ಮೀಸೆ ಅಂದರೆ ಅದು. ಇದಕ್ಕಿಂತ ದೊಡ್ಡ ಕೆಲಸ ಮಾಡಿದವನು ಯಾವನಾದರೂ ಇದ್ದರೆ ಬಂದು ನನ್ನ ಕನ್ನಡಿಯ ಮುಂದೆ ನಿಲ್ಲಲಿ.